ಅಳಿದುಹೋದ ಏಳು ನಿಮಿಷ

"ಈ ಕಾರ್ಡನ್ನ ನನಗಿಂತ ಮುಂಚೆ ಯಾರು ಮುಟ್ಟಿದ್ದು?"

ಭಾನುಪ್ರಕಾಶ್ ಮೆಲ್ಲಗೇ ಕೇಳಿದ. ಕಣ್ಣಿಗೆ ಸಿಕ್ಕಿಸಿಕೊಂಡಿದ್ದ ಭೂತಗನ್ನಡಿಯನ್ನು ಇನ್ನೂ ತೆಗೆದಿರಲಿಲ್ಲ. ಅದು ಅವನ ಅಪ್ಪನದು. ದೇವನಹಳ್ಳಿ ಹಳೇ ಬಸ್ ಸ್ಟ್ಯಾಂಡ್ ಹಿಂದಿನ ಈ ಪುಟ್ಟ ಅಂಗಡಿಯಲ್ಲಿ ಅಪ್ಪ ಮೂವತ್ತು ವರ್ಷ ವಾಚು ರಿಪೇರಿ ಮಾಡಿದ್ದರು. ಮಗ ಈಗ ಅದೇ ಮೇಜಿನ ಮೇಲೆ, ಕೆಟ್ಟುಹೋದ ಹಾರ್ಡ್ ಡಿಸ್ಕು, ಮೆಮೊರಿ ಕಾರ್ಡುಗಳಿಂದ ಕಳೆದುಹೋದ ಫೈಲುಗಳನ್ನು ಎತ್ತಿಕೊಡುತ್ತಾನೆ.

"ಯಾರೂ ಮುಟ್ಟಿಲ್ಲ" ಎಂದಳು ಶಶಿರೇಖಾ.

ಹೇಳಿದ ಕೂಡಲೇ ಅವಳ ಕಿವಿ ಬಿಸಿಯಾಯಿತು. ಇಪ್ಪತ್ತಾರು ವರ್ಷ ಪೊಲೀಸ್ ಕೆಲಸ ಮಾಡಿದವಳು ಅವಳು. ಮೇಜಿನ ಆಚೆ ಕೂತವರು ಸುಳ್ಳು ಹೇಳುವಾಗ ಲೋಟದ ಕಡೆಗೋ, ಗೋಡೆಯ ಕಡೆಗೋ ನೋಡುವುದನ್ನು ನೂರಾರು ಸಲ ಕಂಡಿದ್ದಳು. ಈಗ ಅವಳ ಕಣ್ಣು ಟೀ ಲೋಟದ ಮೇಲಿತ್ತು.

ಸಿಂಚನಳ ಫೋನಿನೊಳಗಿದ್ದ ಕಾರ್ಡು ಅದು. ಬಣ್ಣದ ಘಟಕವೊಂದರ ಲ್ಯಾಬಿನಲ್ಲಿ ನೀರು ಪರೀಕ್ಷೆ ಮಾಡುತ್ತಿದ್ದ ಆ ಹುಡುಗಿ, ಹತ್ತೊಂಬತ್ತು ದಿನಗಳ ಹಿಂದೆ ದೊಡ್ಡಬೆಳವಂಗಲದ ಹತ್ತಿರ ಕೆರೆ ಏರಿಯಿಂದ ಸ್ಕೂಟರ್ ಸಮೇತ ನೀರಿಗೆ ಬಿದ್ದು ಸತ್ತಿದ್ದಳು. ಅಪಘಾತ ಎಂದು ಬರೆದು ಮುಗಿಸಿದ್ದರು. ತಾಯಿ ಲಕ್ಕಮ್ಮ ಮಾತ್ರ ಒಪ್ಪಲಿಲ್ಲ. ಏರಿಯ ಪೊದೆಯಲ್ಲಿ ಸಿಕ್ಕ ಮಗಳ ಒಡೆದ ಫೋನನ್ನು ಸೆರಗಿನಲ್ಲಿ ಸುತ್ತಿಕೊಂಡು ಬಂದು, ಈಗ ಖಾಸಗಿಯಾಗಿ ಪತ್ತೆ ಕೆಲಸ ಮಾಡುವ ಶಶಿರೇಖಾಳ ಕೈಗಿಟ್ಟಿದ್ದಳು.

ಭಾನುಪ್ರಕಾಶ್ ಭೂತಗನ್ನಡಿ ತೆಗೆದ.

"ಮೇಡಂ, ನಾನು ನಿಮ್ಮ ಕಾರ್ಡಿಗೆ ಏನೂ ಮಾಡಿಲ್ಲ. ಬರೆಯೋಕೆ ಬಿಡದೆ, ಓದೋಕೆ ಮಾತ್ರ ಬಿಡೋ ರೀಡರ್ ಇದೆ ನನ್ನತ್ರ. ಅದಕ್ಕೆ ಹಾಕಿ, ಪೂರ್ತಿ ಕಾರ್ಡಿನ ನಕಲನ್ನ ಬೇರೆ ಡಿಸ್ಕಿಗೆ ಎತ್ಕೊಂಡೆ. ಅಸಲಿ ಕಾರ್ಡು ಅಗೋ, ಆ ಲಕೋಟೆಯೊಳಗಿದೆ. ಇನ್ನು ಅದನ್ನ ಯಾರೂ ಮುಟ್ಟೋ ಹಾಗಿಲ್ಲ. ನನ್ನ ಕೆಲಸ ಏನಿದ್ರೂ ನಕಲಿನ ಮೇಲೆ."

"ಸರಿ."

"ಮೇಲಿನ ಪಟ್ಟಿ ಮಾತ್ರ ನೋಡ್ದೆ. ಭಾನುವಾರ ಬೆಳಗ್ಗೆ ಹನ್ನೊಂದೂ ಇಪ್ಪತ್ತಕ್ಕೆ ಕಾರ್ಡು ಫಾರ್ಮ್ಯಾಟ್ ಆಗಿದೆ. ಸಾಯಂಕಾಲ ಐದರಿಂದ ಆರೂವರೆ ತನಕ ಇನ್ನೂರ ಹನ್ನೆರಡು ಹೊಸ ಫೈಲು ಬಂದು ಕೂತಿವೆ. ಅಷ್ಟೊತ್ತಿಗೆ ಆ ಹುಡುಗಿ ತೀರ್ಕೊಂಡು ಎರಡು ವಾರ. ಭಾನುವಾರ ಈ ಕಾರ್ಡು ಎಲ್ಲಿತ್ತು?"

ಶಶಿರೇಖಾ ಟೀ ಲೋಟವನ್ನು ಮೇಜಿನ ಅಂಚಿಗೆ ಸರಿಸಿದಳು.

"ಸುಳ್ಳು ಹೇಳೋರ ಕಾರ್ಡು ನಾನು ಎತ್ಕೊಡಲ್ಲ ಮೇಡಂ. ನಿಮ್ಮ ಮೇಲೆ ಕೋಪ ಅಲ್ಲ. ಏನಾಗಿದೆ ಅಂತ ನಿಜ ಗೊತ್ತಿಲ್ದೆ ಇದ್ರೆ ಎಲ್ಲಿ ಹುಡುಕ್ಬೇಕು ಅಂತಾನೂ ಗೊತ್ತಾಗಲ್ಲ. ಡಾಕ್ಟರ್ ಹತ್ರ ಸುಳ್ಳು ಹೇಳಿದ ಹಾಗೆ."

"ನನ್ನ ಮನೇಲಿತ್ತು" ಎಂದಳು ಅವಳು. "ನಾನೇ ಮಾಡಿದ್ದು."

ಒಂದು ಮಾತು ಹೊರಬಿದ್ದ ಮೇಲೆ ಉಳಿದದ್ದು ತಾನಾಗಿಯೇ ಬಂತು. ಕಾರ್ಡನ್ನು ಲ್ಯಾಪ್‌ಟಾಪಿಗೆ ಹಾಕಿದಾಗ, ಫಾರ್ಮ್ಯಾಟ್ ಮಾಡದಿದ್ದರೆ ತೆರೆಯಲಾಗದು ಎಂದು ಪರದೆಯ ಮೇಲೆ ಬಂದಿತ್ತು. ಕನ್ನಡಕ ಹಾಕಿಕೊಂಡಿರಲಿಲ್ಲ. ಏನೋ ಒಪ್ಪಿಗೆ ಕೇಳುತ್ತಿದೆ ಎಂದುಕೊಂಡು ಸರಿ ಎಂದು ಒತ್ತಿಬಿಟ್ಟಳು. ಎರಡೇ ಕ್ಷಣ. ಕಾರ್ಡು ತೆರೆದುಕೊಂಡಿತು, ಒಳಗೆ ಏನೂ ಇರಲಿಲ್ಲ.

"ಅವಾಗ್ಲೇ ಕಿತ್ತು ತಂದು ನನಗೆ ಕೊಡ್ಬೇಕಿತ್ತು."

"ಯಾರಿಗೂ ಹೇಳೋಕೆ ಆಗ್ಲಿಲ್ಲ. ಅಷ್ಟು ವರ್ಷ ಸರ್ವಿಸ್ ಮಾಡಿದೋಳು, ಒಂದು ಸಾಕ್ಷಿ ಕೈಗೆ ಕೊಟ್ರೆ ಅಳಿಸಿಬಿಟ್ಟಳು ಅಂದ್ರೆ..." ಅವಳು ಕನ್ನಡಕ ತೆಗೆದು ಒರೆಸಿದಳು. "ಕೊನೆಗೆ ಬೈರೇಶ್‌ನ ಕೇಳ್ದೆ. ಲಕ್ಕಮ್ಮನ ತಂಗಿ ಮಗ. ದೊಡ್ಡಬಳ್ಳಾಪುರದಲ್ಲಿ ಮೊಬೈಲ್ ಅಂಗಡಿ ಇಟ್ಟಿದ್ದಾನೆ. ಮಣ್ಣು ಮಾಡಿದ ದಿನದಿಂದ ಅವರ ಮನೆ ಓಡಾಟವೆಲ್ಲ ಅವನದೇ. 'ದೊಡ್ಡಮ್ಮಂಗೆ ಹೇಳ್ಬೇಡಿ ಮೇಡಂ, ಎದೆ ಒಡ್ಕೋತಾರೆ. ಅಂಗಡಿಗೆಲ್ಲ ಹೋಗ್ಬೇಡಿ, ನಾನೊಂದು ಲಿಂಕ್ ಕಳಿಸ್ತೀನಿ, ಫ್ರೀ ಇದೆ' ಅಂದ. ಇಳಿಸ್ಕೊಂಡೆ. ಅದು ಏನೇನೋ ಫೋಟೋ ಹುಡುಕ್ತು. ಎಲ್ಲಿ ಸೇವ್ ಮಾಡ್ಲಿ ಅಂತ ಕೇಳ್ತು."

"ನೀವು ಅದೇ ಕಾರ್ಡಿಗೆ ಮಾಡಿದ್ರಿ."

"ಹೂಂ."

ಭಾನುಪ್ರಕಾಶ್ ಬಯ್ಯಲಿಲ್ಲ. ಬೈದಿದ್ದರೆ ಹಗುರಾಗುತ್ತಿತ್ತೇನೋ.

"ನೋಡಿ ಮೇಡಂ, ಫಾರ್ಮ್ಯಾಟ್ ಆದ್ರೆ ಊರಲ್ಲಿರೋ ಮನೆಗಳು ಬಿದ್ದುಹೋಗಲ್ಲ. ಯಾರ ಮನೆ ಎಲ್ಲಿದೆ ಅಂತ ಬರೆದಿಟ್ಟ ಪುಸ್ತಕ ಹರಿದು ಹೋಗುತ್ತೆ, ಅಷ್ಟೇ. ಮನೆಗಳು ಅಲ್ಲಲ್ಲೇ ಇರ್ತಾವೆ. ನನ್ನಂಥೋನು ಬೀದಿ ಬೀದಿ ತಿರುಗಿ ಕಂಡುಹಿಡೀಬಹುದು. ಆದ್ರೆ ಪುಸ್ತಕ ಇಲ್ಲ ಅಂತ ಖಾಲಿ ಸೈಟ್ ಅಂದ್ಕೊಂಡು, ಅದರ ಮೇಲೇ ಹೊಸ ಮನೆ ಕಟ್ಟಿಬಿಟ್ರೆ ಹಳೇದು ಹೋಯ್ತು. ದೇವರು ಬಂದ್ರೂ ಬರಲ್ಲ."

"ಎಷ್ಟು ಹೋಗಿದೆ?"

"ತೆರೆದು ನೋಡ್ಬೇಕು. ಆದ್ರೆ ನಾನು ಒಂದು ಫೈಲನ್ನೂ ತೆರೆಯಲ್ಲ. ತೀರ್ಕೊಂಡೋರ ವಸ್ತು. ಅವರ ತಾಯಿ ಎದುರಿಗಿರ್ಬೇಕು, ಒಪ್ಬೇಕು. ಏನಾಗಿದೆ ಅಂತ ಅವರಿಗೆ ಗೊತ್ತಿರ್ಬೇಕು. ನನ್ನ ಬಾಯಿಂದ ಅಲ್ಲ."

ಶಶಿರೇಖಾ ಹೊರಗೆ ಬಂದು ಫೋನ್ ಮಾಡಿದಳು. ಲಕ್ಕಮ್ಮ ಏನು ಎತ್ತ ಎಂದು ಕೇಳಲಿಲ್ಲ. "ಬತ್ತೀನಿ" ಎಂದಳು, ಅಷ್ಟೇ.

ಎರಡು ಬಸ್ಸು ಬದಲಿಸಿ ಅವಳು ಬಂದಾಗ ಮಧ್ಯಾಹ್ನ ಎರಡು ದಾಟಿತ್ತು. ಕಾಯುವಷ್ಟು ಹೊತ್ತೂ ಶಶಿರೇಖಾ ಅಂಗಡಿಯ ಮೆಟ್ಟಿಲ ಮೇಲೆ ನಿಂತು ಹೇಳಬೇಕಾದ ಮಾತನ್ನು ಜೋಡಿಸುತ್ತಿದ್ದಳು. 'ತಾಂತ್ರಿಕ ತೊಂದರೆ ಆಯ್ತು' ಎನ್ನಬಹುದು. 'ಕಾರ್ಡು ಮೊದಲೇ ಕೆಟ್ಟಿತ್ತು' ಎನ್ನಬಹುದು. ಎರಡರಲ್ಲೂ ಅರ್ಧ ನಿಜವಿತ್ತು.

ಲಕ್ಕಮ್ಮ ಮೆಟ್ಟಿಲು ಹತ್ತುತ್ತಲೇ ಕೈಚೀಲ ಮುಂದೆ ಚಾಚಿದಳು.

"ಸೀಬೆಹಣ್ಣು. ನಿಮಗೇ ಅಂತ ಬೆಳಿಗ್ಗೆ ಕಿತ್ತಿಟ್ಟಿದ್ದೆ. ನಮ್ಗೋಸ್ಕರ ಎಷ್ಟ್ ಓಡಾಡ್ತೀರ."

ಶಶಿರೇಖಾ ಚೀಲ ತೆಗೆದುಕೊಳ್ಳಲಿಲ್ಲ.

"ಲಕ್ಕಮ್ಮ, ಬನ್ನಿ, ಕೂತ್ಕೊಳ್ಳಿ. ಮೊದ್ಲು ಒಂದು ಮಾತು ಹೇಳ್ಬೇಕು. ಆ ಕಾರ್ಡನ್ನ ನಾನು ಅಳಿಸಿಬಿಟ್ಟೆ."

ಲಕ್ಕಮ್ಮ ಕೂತಳು. ಚೀಲ ಮಡಿಲಲ್ಲೇ ಉಳಿಯಿತು.

"ಅಳ್ಸೋದು ಅಂದ್ರೆ?"

"ಅದರಲ್ಲಿದ್ದದ್ದು ಹೋಯ್ತು. ನನ್ನ ತಪ್ಪಿಂದ. ಆಮೇಲೆ ನಾನೇ ಸರಿ ಮಾಡೋಕೆ ಹೋಗಿ ಇನ್ನಷ್ಟು ಹಾಳು ಮಾಡ್ದೆ. ಇವರು ಸ್ವಲ್ಪ ವಾಪಸ್ ತರಬಹುದು ಅಂತಾರೆ. ಪೂರ್ತಿ ಅಲ್ಲ."

"ಸೋಮವಾರ ನಾನು ಫೋನ್ ಮಾಡಿದ್ನಲ್ಲ ಮೇಡಮ್ಮ. ಭದ್ರವಾಗೈತಾ ಅಂತ ಕೇಳಿದ್ನಲ್ಲ."

"ಕೇಳಿದ್ರಿ."

"ಭದ್ರವಾಗಿದೆ ಅಂದ್ರಿ."

"ಅಂದೆ."

"ಯಾಕಮ್ಮ?"

ಉತ್ತರ ಒಂದೇ ಇತ್ತು. ಅದನ್ನು ಹೇಳುವಾಗ ಐವತ್ತನಾಲ್ಕು ವರ್ಷದ ಹೆಂಗಸಿನ ದನಿ ಶಾಲೆಯ ಮಗುವಿನಂತೆ ಕುಗ್ಗಿತು. "ನಾಚಿಕೆ ಆಯ್ತು."

ಹೊರಗೆ ಬಸ್ಸೊಂದು ಹಿಂದಕ್ಕೆ ಬರುತ್ತಿತ್ತು, ಕಂಡಕ್ಟರ್ ಸೀಟಿ ಊದುತ್ತಲೇ ಇದ್ದ.

"ಅದ್ರಲ್ಲಿ ನನ್ ಮಗೀನ ದನಿ ಇತ್ತು ಮೇಡಮ್ಮ. ಫೋನಲ್ಲಿ ಹಾಡ್ಕೊಂಡು ಅದನ್ನ ಇಟ್ಕೊಳ್ಳೋಳು. ಕೇಸು ಗೀಸು ನಂಗೆ ಗೊತ್ತಿಲ್ಲ. ಆ ದನಿಗೋಸ್ಕರ ನಾನು ಅದನ್ನ ಯಾರ ಕೈಗೂ ಕೊಟ್ಟಿರ್ಲಿಲ್ಲ. ಬೈರೇಶ ಕೇಳ್ದ, ಕೊಡ್ಲಿಲ್ಲ. ನಿಮಗೆ ಕೊಟ್ಟೆ."

"ಬೈರೇಶ್ ಕೇಳಿದ್ನಾ?"

"ನಾಕ್ ಸಲ ಕೇಳ್ದ. ರಿಪೇರಿ ಮಾಡ್ಕೊಡ್ತೀನಿ ಅಂದ."

ಶಶಿರೇಖಾ ಆ ಮಾತನ್ನು ಮನಸ್ಸಿನಲ್ಲಿಟ್ಟುಕೊಂಡಳು. ಮತ್ತೊಂದು ಪ್ರಶ್ನೆ ಕೇಳುವ ಯೋಗ್ಯತೆ ಈ ಹೊತ್ತಿನಲ್ಲಿ ತನಗಿದೆ ಎಂದು ಅನ್ನಿಸಲಿಲ್ಲ. ಆದರೆ ಲಕ್ಕಮ್ಮ ತಾನೇ ಮುಂದುವರಿಸಿದಳು. ತಲೆ ತಗ್ಗಿಸಿ, ಚೀಲದ ಹಿಡಿಯನ್ನು ಬೆರಳಿಗೆ ಸುತ್ತಿಕೊಳ್ಳುತ್ತ.

"ನಾನೂ ಒಂದ್ ಸುಳ್ ಹೇಳಿದ್ದೀನಿ."

"ಏನು?"

"ಅವತ್ತು ಸಾಯಂಕಾಲ ಅವಳ ಫೋನ್ ಬಂತು, ಎತ್ತೋದ್ರೊಳಗೆ ಕಟ್ಟಾಯ್ತು ಅಂತ ಹೇಳಿದ್ದೆ. ಎತ್ತಿದ್ದೆ ಮೇಡಮ್ಮ. ಕತ್ಲಾಯ್ತಾ ಬಂತು, ಎಲ್ಲೇ ಅಲೀತಿದ್ದೀಯ ಅಂತ ಬಾಯಿಗೆ ಬಂದಂಗೆ ಬೈದೆ. 'ಜೊತೇಲಿ ನಮ್ಮೋರೇ ಅವ್ರೆ ಕಣಮ್ಮ, ಬತ್ತೀನಿ' ಅಂದ್ಲು. ಯಾರು ಅಂತ ಒಂದ್ ಮಾತು ಕೇಳ್ಲಿಲ್ಲ. ಸುಳ್ ಬೊಗಳ್ಬೇಡ ಅಂತ ಇಟ್ಬಿಟ್ಟೆ. ಅದೇ ಕೊನೆ ಮಾತು. ಜನಕ್ಕೆ ಹೆಂಗ್ ಹೇಳ್ಲಿ?"

ಶಶಿರೇಖಾಳ ಬೆನ್ನು ನೆಟ್ಟಗಾಯಿತು.

ನಮ್ಮೋರೇ.

ಈ ಎಂಟು ದಿನ ಅವಳು ಒಬ್ಬನ ಹಿಂದೆಯೇ ಬಿದ್ದಿದ್ದಳು. ಘಟಕದ ಮೇಲ್ವಿಚಾರಕ ಕೆಂಪರಾಜು. ಕೊಳಕು ನೀರನ್ನು ಕೆರೆಗೆ ಬಿಡುತ್ತಿದ್ದುದು ಸಿಂಚನಳ ಪರೀಕ್ಷೆಯಲ್ಲಿ ಸಿಕ್ಕಿಬಿದ್ದಿತ್ತು. ಆ ವರದಿ ಹೊರಗೆ ಹೋದರೆ ಮೊದಲು ಸಿಕ್ಕಿಹಾಕಿಕೊಳ್ಳುವವನು ಅವನೇ. ಆದರೆ ಸಿಂಚನ ಕೆಂಪರಾಜುವನ್ನು ಎಂದೂ ನಮ್ಮೋರು ಎನ್ನುವುದಿಲ್ಲ.

"ಇದನ್ನ ಮೊದಲೇ ಹೇಳಿದ್ದಿದ್ರೆ..." ಎಂದು ಶುರು ಮಾಡಿದ ಶಶಿರೇಖಾ ಅಲ್ಲೇ ನುಂಗಿಕೊಂಡಳು. ಆ ಮಾತು ಹೇಳುವ ಬಾಯಿ ತನ್ನದಲ್ಲ.

ಲಕ್ಕಮ್ಮ ಕಣ್ಣೊರೆಸಿಕೊಂಡು ಭಾನುಪ್ರಕಾಶ್ ಕಡೆ ತಿರುಗಿದಳು. "ನೋಡಪ್ಪ, ಇರೋದನ್ನ ತೆಗಿ. ಎಲ್ಲಿ ರುಜು ಹಾಕ್ಲಿ?"

ಅವನು ಕೆಲಸಕ್ಕೆ ಕೂತ. ನಕಲಿನ ಮೇಲೆ ಸಾಫ್ಟ್‌ವೇರ್ ಓಡಿಸಿದ. ಸಿಕ್ಕಿದ್ದನ್ನೆಲ್ಲ ಮೂರನೆಯದೊಂದು ಡಿಸ್ಕಿಗೆ ಇಳಿಸುತ್ತ ಹೋದ. ಆತುರಪಡಲಿಲ್ಲ. ಮುಕ್ಕಾಲು ಗಂಟೆಯಲ್ಲಿ ಪಟ್ಟಿ ಬಂತು. ಒಂದಷ್ಟು ಫೋಟೋ, ನೀರಿನ ವರದಿಯ ಚೂರುಪಾರು, ಎಂಟು ಧ್ವನಿಮುದ್ರಣ.

"ಹಾಡುಗಳು ಬಂದಿವೆ ಅಮ್ಮ. ಆರು ಪೂರ್ತಿ ಇವೆ, ಒಂದರ ತುದಿ ಹೋಗಿದೆ" ಎಂದ.

ಲಕ್ಕಮ್ಮ ಎರಡೂ ಕೈಯನ್ನು ಬಾಯಿಗೆ ಒತ್ತಿಕೊಂಡಳು.

"ಎಂಟನೇದು ಹಾಡಲ್ಲ. ಅವರು ತೀರ್ಕೊಂಡ ದಿನದ್ದು. ಸಾಯಂಕಾಲ ಆರೂ ನಲವತ್ತೆರಡು. ಸೈಜ್ ನೋಡಿದ್ರೆ ಹನ್ನೊಂದು ನಿಮಿಷ ಇರ್ಬೇಕು." ಅವನು ಲಕ್ಕಮ್ಮನ ಮುಖ ನೋಡಿದ. "ಹಾಕ್ಲಾ?"

"ಹಾಕು."

ಮೊದಲು ಗಾಳಿ. ಬರೀ ಗಾಳಿ, ಏರಿಯ ಮೇಲೆ ಬೀಸುವಂಥದ್ದು. ಆಮೇಲೆ ಸಿಂಚನ.

"ಇಲ್ಯಾಕೆ ನಿಲ್ಸು ಅಂದೆ? ... ಇಲ್ಲ, ಕೊಡಲ್ಲ. ಆ ರಿಪೋರ್ಟು ನಾನು ಯಾರಿಗೂ ಕೊಡಲ್ಲ, ಕೊಡೋ ಕಡೆ ಕೊಡ್ತೀನಿ. ಕೆಂಪರಾಜು ಸಾರ್ ಕಳಿಸಿದ್ರಾ ನಿನ್ನ? ನೀನು ಅವರ ಕೈಲಿ ಕೆಲಸ ಮಾಡ್ತಿದ್ದೀಯ ಅಂತ ನಂಗೆ ಗೊತ್ತೇ ಇರ್ಲಿಲ್ಲ. ... ಮುನ್ನೂರು ಮನೆ ನೀರು ಅದು. ನೀನೂ ಅದನ್ನೇ ಕುಡ್ದು ಬೆಳೆದೋನು. ಅಮ್ಮಂಗೆ ಹೇಳ್ತೀನಿ ನಾನು, ನೋಡ್ತಾ ಇರು."

ನಡುನಡುವೆ ಎದುರಿಗಿದ್ದ ಗಂಡಸಿನ ಮಾತು ಗಾಳಿಯಲ್ಲಿ ಬರೀ ಗೊಣಗಾಗಿ ಕರಗಿಹೋಗಿತ್ತು. ಈಗ ಅವನು ಹತ್ತಿರ ಬಂದು ಕೆಮ್ಮಿದ. ಕಾಲಡಿಯ ಕಲ್ಲು ಸರಿದ ಸದ್ದು. ಅವನು ಉಸಿರೆಳೆದುಕೊಂಡ, ಮಾತಾಡುವ ಮುಂಚೆ ಎಲ್ಲರೂ ಎಳೆದುಕೊಳ್ಳುವಂತೆ.

ಅಷ್ಟೇ. ಆಮೇಲೆ ಸ್ಪೀಕರಿನಿಂದ ತಗಡು ಉಜ್ಜಿದಂಥ ಕರ್ಕಶ ಸದ್ದು ಮಾತ್ರ ಬಂತು.

ಭಾನುಪ್ರಕಾಶ್ ನಿಲ್ಲಿಸಿದ. "ನಾಲ್ಕು ನಿಮಿಷ ಸಿಕ್ಕಿದೆ. ಮಿಕ್ಕ ಏಳು ನಿಮಿಷದ ಜಾಗದಲ್ಲಿ ಬೇರೆ ಫೈಲುಗಳಿವೆ."

"ಯಾವ ಫೈಲು?" ಎಂದು ಕೇಳಿದಳು ಶಶಿರೇಖಾ, ಗೊತ್ತಿದ್ದೂ.

"ನೀವು ಭಾನುವಾರ ಸೇವ್ ಮಾಡಿದ್ದು. ಅರ್ಧಂಬರ್ಧ ಫೋಟೋಗಳು."

ಸಿಂಚನ ಪ್ರಾಣಾಪಾಯದಲ್ಲೂ ಗುಟ್ಟಾಗಿ ಫೋನ್ ಒತ್ತಿ ಹಿಡಿದಿಟ್ಟ ದನಿ. ಅವಳನ್ನು ಕೊಂದವನು ಅದನ್ನು ಅಳಿಸಿರಲಿಲ್ಲ. ಮಳೆ ಅಳಿಸಿರಲಿಲ್ಲ. ಮಾನ ಉಳಿಸಿಕೊಳ್ಳಲು ಒಂದು ಭಾನುವಾರ ಸಾಯಂಕಾಲ ಬಾಗಿಲು ಹಾಕಿಕೊಂಡು ಕೂತು ತಾನೇ ಅಳಿಸಿದ್ದಳು. ಶಶಿರೇಖಾಗೆ ಎದ್ದು ಹೊರಗೆ ಹೋಗಿಬಿಡಬೇಕು ಎನಿಸಿತು. ಲಕ್ಕಮ್ಮ ಅವಳ ಕಡೆ ನೋಡದೆ, "ಇನ್ನೊಂದ್ ಸಲ ಹಾಕಪ್ಪ" ಎಂದಳು.

ಎರಡನೇ ಸಲ ಕೇಳುವಾಗ ಶಶಿರೇಖಾ ತನ್ನನ್ನು ತಾನು ಬಲವಂತವಾಗಿ ಎಳೆದು ತಂದಳು. ಅಳು ಆಮೇಲೆ. ಅವನನ್ನು 'ನೀನು' ಅಂತಾಳೆ. ಅದೇ ನೀರು ಕುಡಿದು ಬೆಳೆದವನು. ಅಮ್ಮನ ಹೆಸರು ಹೇಳಿದರೆ ಹೆದರುವವನು.

"ಮೇಡಂ" ಎಂದ ಭಾನುಪ್ರಕಾಶ್. "ಆ ಲಿಂಕಿನಿಂದ ಇಳಿಸ್ಕೊಂಡ ಲ್ಯಾಪ್‌ಟಾಪ್ ತಂದಿದ್ದೀರಾ?"

ಅವಳು ಬ್ಯಾಗಿನಿಂದ ತೆಗೆದುಕೊಟ್ಟಳು. ಅವನು ಮೊದಲು ಅದರ ಇಂಟರ್ನೆಟ್ ಆಫ್ ಮಾಡಿದ. ಆಮೇಲೆ ಏನೇನೋ ತೆರೆದು ನೋಡಿದ. ನೋಡುತ್ತ ನೋಡುತ್ತ ಅವನ ಹುಬ್ಬು ಗಂಟಾಯಿತು.

"ಇದನ್ನ ಹಾಕುವಾಗ ವೈರಸ್ ಎಚ್ಚರಿಕೆ ಬರ್ಲಿಲ್ವಾ?"

"ಬಂತು. ಅದನ್ನ ಆಫ್ ಮಾಡಿ ಹಾಕ್ಕೊಳ್ಳಿ ಅಂದ. ಮಾಡ್ದೆ."

"ಫೈಲು ವಾಪಸ್ ತರೋ ಸಾಫ್ಟ್‌ವೇರ್ ಬೇಕಾದ್ರೆ ಅದನ್ನ ಮಾಡಿದ ಕಂಪನಿಯ ಸೈಟಿಂದಲೇ ಇಳಿಸ್ಕೋಬೇಕು ಮೇಡಂ. ವಾಟ್ಸಾಪಲ್ಲಿ ಬಂದ ಲಿಂಕಲ್ಲ." ಅವನು ಪರದೆಯನ್ನು ಅವಳ ಕಡೆ ತಿರುಗಿಸಿದ. "ಅದೇ ನಿಮಿಷಕ್ಕೆ ಎರಡು ಪ್ರೋಗ್ರಾಂ ಬಂದು ಕೂತಿವೆ. ಒಂದು ಫೈಲು ಹುಡುಕೋದು. ಇನ್ನೊಂದು ಇದು. ಇದಿದ್ರೆ ಬೇರೆ ಎಲ್ಲೋ ಕೂತಿರೋರು ನಿಮ್ಮ ಲ್ಯಾಪ್‌ಟಾಪನ್ನ ತಮ್ಮದೇ ಅನ್ನೋ ಹಾಗೆ ನಡೆಸ್ಬಹುದು. ನೀವು ನೋಡೋದೆಲ್ಲ ನೋಡ್ಬಹುದು, ನಿಮ್ಮ ಹೆಸರಲ್ಲಿ ಬರೀಬಹುದು."

"ನಮ್ ಬೈರೇಶಂಗೆ ಇದೆಲ್ಲ ಗೊತ್ತಿರಲ್ಲಪ್ಪ" ಎಂದಳು ಲಕ್ಕಮ್ಮ. "ಅವನಿಗೂ ಯಾರೋ ಕೊಟ್ಟಿರ್ತಾರೆ. ಅವನು ನಮ್ಮನೇಲೇ ಬೆಳೆದ ಹುಡ್ಗ."

ಒಂದು ಕ್ಷಣ ಬಿಟ್ಟು ಲಕ್ಕಮ್ಮನ ತುಟಿ ಅಲುಗುವುದು ನಿಂತಿತು. ತಾನು ಏನು ಹೇಳಿದೆ ಎಂಬುದು ಅವಳಿಗೇ ಕೇಳಿಸಿರಬೇಕು.

"ಇವತ್ತು ಬೆಳಗ್ಗೆ ಎಂಟೂ ಐವತ್ತಕ್ಕೆ ಒಂದು ಫೈಲ್ ತೆಗೆದಿದ್ದೀರಾ ಮೇಡಂ? 'ರೂಪ' ಅಂತ ಹೆಸರು."

"ಇಲ್ಲ. ಲ್ಯಾಪ್‌ಟಾಪ್ ಚಾರ್ಜಿಗೆ ಹಾಕಿ ಸ್ನಾನಕ್ಕೆ ಹೋಗಿದ್ದೆ."

"ಯಾರೋ ತೆಗೆದಿದ್ದಾರೆ. ಆಮೇಲೆ ವಾಟ್ಸಾಪಿಗೂ ಹೋಗಿದ್ದಾರೆ. ಇದರಲ್ಲಿ ವಾಟ್ಸಾಪ್ ತೆರೆದೇ ಬಿಟ್ಟಿರ್ತೀರಾ?"

ಶಶಿರೇಖಾ ಆಗಲೇ ಫೋನ್ ಕೈಗೆ ತೆಗೆದುಕೊಂಡಿದ್ದಳು. ರೂಪ ಸಿಂಚನಳ ಜೊತೆ ಅದೇ ಲ್ಯಾಬಿನಲ್ಲಿ ಕೆಲಸ ಮಾಡುತ್ತಿದ್ದವಳು. ಪರೀಕ್ಷೆಯ ಅಸಲಿ ಅಂಕಿಗಳನ್ನು ಕಣ್ಣಾರೆ ಕಂಡವರಲ್ಲಿ ಈಗ ಬದುಕಿರುವವಳು ಅವಳೊಬ್ಬಳೇ. ಅವಳನ್ನು ಬೂದಿಗೆರೆಯ ಗೆಳತಿಯೊಬ್ಬಳ ಮನೆಯಲ್ಲಿ ಗುಟ್ಟಾಗಿ ಇರಿಸಿ, ಮನೆಯ ಗುರುತು, ಬೀದಿ, ಎಲ್ಲವನ್ನೂ ಶಶಿರೇಖಾ ತನ್ನ ಕೈಯಾರೆ ಆ ಫೈಲಿನಲ್ಲಿ ಬರೆದಿಟ್ಟಿದ್ದಳು.

ಮೂರನೇ ರಿಂಗಿಗೆ ರೂಪ ಎತ್ತಿದಳು. ಶಶಿರೇಖಾ ಸ್ಪೀಕರ್ ಒತ್ತಿದಳು.

"ಹಲೋ ಮೇಡಂ, ಹೊರಟಾಯ್ತು! ನೀವು ಮೆಸೇಜಲ್ಲಿ ಹೇಳಿದ ಹಾಗೆ ಮೂರಕ್ಕೆ ಸರಿಯಾಗಿ ಕಾರ್ ಬಂತು."

ದನಿಯಲ್ಲಿ ಗೆಲುವಿತ್ತು. ಎಷ್ಟೋ ದಿನದ ಮೇಲೆ ಹೊರಗಿನ ಬಿಸಿಲು ಕಂಡವಳ ಗೆಲುವು.

ಶಶಿರೇಖಾ ತನ್ನ ದನಿ ನಡುಗದಂತೆ ಹಿಡಿದಳು. "ಒಳ್ಳೇದು ರೂಪ. ಎಲ್ಲಿದ್ದೀರಾ ಈಗ?"

"ಗೊತ್ತಾಗ್ತಿಲ್ಲ ಮೇಡಂ, ಒಳದಾರೀಲಿ ಹೋಗ್ತಿದ್ದೀವಿ. ಮೊದಲು ಗೊತ್ತಿಲ್ಲದ ಕಾರಿಗೆ ಹೆಂಗೆ ಹತ್ತೋದು ಅಂತ ಭಯ ಆಯ್ತು. ಆಮೇಲೆ ನೋಡಿದ್ರೆ ಓಡಿಸ್ತಿರೋರು ಸಿಂಚನ ಅಣ್ಣ. ಬೈರೇಶಣ್ಣ. ಅವಳ ಫೋನಲ್ಲಿ ಫೋಟೋ ನೋಡಿದ್ದೆನಲ್ಲ, ಅದಕ್ಕೇ ಧೈರ್ಯವಾಗಿ ಹತ್ತಿದೆ. ಇರಿ, ಅವರಿಗೇ ಕೊಡ್ತೀನಿ."

ಭಾನುಪ್ರಕಾಶ್ ತನ್ನ ಫೋನ್ ತೆಗೆದು ಪೊಲೀಸರ ನಂಬರ್ ಒತ್ತುತ್ತ ಹೊರಗೆ ಓಡಿದ. ಶಶಿರೇಖಾ ಬಾಯಿ ತೆರೆಯುವಷ್ಟರಲ್ಲಿ ಲಕ್ಕಮ್ಮ ಅವಳ ಕೈಯಿಂದ ಫೋನ್ ಕಿತ್ತುಕೊಂಡಳು. ಮಡಿಲಿನ ಚೀಲ ಜಾರಿ, ಸೀಬೆಹಣ್ಣು ನೆಲದ ತುಂಬ ಉರುಳಿದವು.

"ಬೈರೇಶ, ನಾನು ಕಣೋ, ದೊಡ್ಡಮ್ಮ. ಕಾರ್ ನಿಲ್ಸು. ಆ ಮಗೀನ ಅಲ್ಲೇ ಇಳ್ಸು."

ಕಾರು ನಿಧಾನವಾದದ್ದು ಕೇಳಿಸಿತು. ಇಂಡಿಕೇಟರ್ ಟಿಕ್ ಟಿಕ್ ಎನ್ನುತ್ತಿತ್ತು. "ಯಾಕಣ್ಣ ಇಲ್ಲಿ ನಿಲ್ಸಿದ್ರಿ?" ಎಂದು ರೂಪ ಕೇಳುತ್ತಿದ್ದಳು.

ಆಮೇಲೆ ಬೈರೇಶನ ದನಿ ಬಂತು. ಹೆದರಿದ ಹು‌ಡುಗನ ದನಿಯಂತಿತ್ತು ಅದು.

"ದೊಡ್ಡಮ್ಮ, ನಿಜ ಹೇಳು. ಆ ಕಾರ್ಡಲ್ಲಿ ನನ್ ದನಿ ಐತಾ?"

ಐತೆ ಎಂದರೆ ಅವನು ರೂಪಳನ್ನು ಏನು ಮಾಡುತ್ತಾನೆ? ಇಲ್ಲ ಎಂದರೆ ಏನು ಮಾಡುತ್ತಾನೆ?

ಲಕ್ಕಮ್ಮ ಫೋನನ್ನು ಎದೆಗೊತ್ತಿಕೊಂಡು, ಆ ಮಧ್ಯಾಹ್ನ ಮೊದಲ ಸಲ, ಶಶಿರೇಖಾಳ ಕಣ್ಣಿನಲ್ಲಿ ಕಣ್ಣಿಟ್ಟು ನೋಡಿದಳು.